ತೋಟದಜ್ಜನೊಡನೆ ಜಗಳವಾಡಿದ ಅಕ್ಕ

ಅವರ ಹೆಸರನ್ನು ಇಲ್ಲಿ ಬರೆಯುವುದಿಲ್ಲ. ಹಿರಿಯರನ್ನು ಹೆಸರು ಹಿಡಿದು ಕರೆಯಬಾರದು ಎಂಬುದು ಅವರದೇ ನಿಯಮ. ಅದನ್ನು ಅವರು ಎಷ್ಟು ದೂರ ಎಳೆದಿದ್ದರೆಂದರೆ, ಎರಡು ಸಾವಿರ ವರ್ಷಕ್ಕೂ ಹಿಂದೆ ಸತ್ತುಹೋದ ಗ್ರೀಕ್ ತತ್ವಜ್ಞಾನಿಗಳ ಹೆಸರನ್ನೂ ಹೇಳುತ್ತಿರಲಿಲ್ಲ. ತರಗತಿಯಲ್ಲಿ ವಿಧಿಯಿಲ್ಲದೆ ಹೇಳುತ್ತಿದ್ದರು. ಹೊರಗೆ ಬಂದರೆ ಅವರೆಲ್ಲ ಅಜ್ಜಂದಿರು. ಒಬ್ಬ ಚಪ್ಪಲಿ ಅಜ್ಜ, ಇನ್ನೊಬ್ಬ ತೋಟದಜ್ಜ. ಅವರನ್ನೆಲ್ಲ ಓದಿ ಅರಗಿಸಿಕೊಂಡು, ಬಹಳ ಕಾಲದ ಮೇಲೆ ದುಡಿಯುವವರ ರಾಜ್ಯದ ಕನಸು ಕಂಡ ಜರ್ಮನಿಯ ವಿದ್ವಾಂಸನಿಗೆ ಮಾತ್ರ ಗಡ್ಡದ ಮಾವ ಎಂಬ ಹೆಸರು.

"ಅವರೆಲ್ಲ ಅಜ್ಜಗೋಳು, ಇಂವ ಒಬ್ಬಾಂವ ಯಾಕ್ರಿ ಮಾವ?" ಎಂದು ಒಮ್ಮೆ ಕೇಳಿದ್ದೆ.

"ಅಜ್ಜ ಹೇಳಿದ್ದು ಸುಮ್ನ ಕೇಳ್ಕೊಂಡು ಕುಂದರಬೇಕು. ಮಾವನ ಜೋಡಿ ಜಗಳಾ ತಗೀಬೌದು," ಎಂದರು ಅಕ್ಕ.

ಈ ಮಾತನ್ನು ಅವರು ತಾವೇ ಪಾಲಿಸಲಿಲ್ಲ. ಅವರು ಜೀವಮಾನವಿಡೀ ಜಗಳ ತೆಗೆದದ್ದು ಒಬ್ಬ ಅಜ್ಜನ ಜೊತೆಗೇ. ಹೋದ ಚಳಿಗಾಲದಲ್ಲಿ ಅಕ್ಕ ತೀರಿಕೊಂಡ ಸುದ್ದಿ ಬಂದಾಗ ನನಗೆ ಮೊದಲು ನೆನಪಾದದ್ದು ಆ ಜಗಳ.

ನಾನು ಹೈದರಾಬಾದಿನಲ್ಲೇ ಬೆಳೆದವಳು. ಗದಗಿನಿಂದ ಬಂದ ಅಪ್ಪ ಪಟಾನ್‌ಚೆರು ದಾರಿಯಲ್ಲಿದ್ದ ಸರ್ಕಾರಿ ಕಾರ್ಖಾನೆಯೊಂದರಲ್ಲಿ ಫೋರ್‌ಮನ್ ಆಗಿದ್ದರು. ಮನೆಯಲ್ಲಿ ಕನ್ನಡ, ಹೊಸಿಲು ದಾಟಿದರೆ ತೆಲುಗು ಇಲ್ಲವೇ ಹಿಂದಿ. ಓದು ಮುಗಿಸಿ ಹಿಮಾಯತ್‌ನಗರದ ಒಂದು ಪದವಿ ಕಾಲೇಜಿಗೆ ಅರ್ಥಶಾಸ್ತ್ರದ ಪಾಠ ಹೇಳಲು ಸೇರಿದೆ. ಸೇರಿದ ಹೊಸದರಲ್ಲಿ ಸ್ಟಾಫ್ ರೂಮಿನಲ್ಲಿ ಎಲ್ಲರೊಂದಿಗೂ ತೆಲುಗಿನಲ್ಲೇ ಮಾತಾಡುತ್ತಿದ್ದೆ. ಒಂದು ಮಧ್ಯಾಹ್ನ ಡಬ್ಬಿ ತೆರೆದೆ. ಜೋಳದ ರೊಟ್ಟಿ, ಪುಂಡಿಪಲ್ಯೆ. ಮೂಲೆಯ ಕುರ್ಚಿಯಲ್ಲಿ ಕುಳಿತು ಪುಸ್ತಕ ಓದುತ್ತಿದ್ದ ಎತ್ತರದ, ಬಡಕಲು ದೇಹದ ಹೆಂಗಸು ತಲೆ ಎತ್ತಿ ಮೂಗು ಅರಳಿಸಿದರು.

"ಯಾವೂರಕ್ಕಿ ನೀ?"

ಆ ಪ್ರಶ್ನೆಗೆ ತೆಲುಗಿನಲ್ಲಿ ಉತ್ತರ ಕೊಡಲು ಸಾಧ್ಯವೇ ಇರಲಿಲ್ಲ. ಅವತ್ತಿನಿಂದ ಅವರು ನನಗೆ ಅಕ್ಕ. ಕಾಲೇಜಿಗೆ ತತ್ವಶಾಸ್ತ್ರದ ಮೇಡಂ.

ಚಹಾ ಬಂದರೆ ಅಕ್ಕ ಅದನ್ನು ಬಸಿಗೆ ಸುರಿದುಕೊಂಡು ಕುಡಿಯುತ್ತಿದ್ದರು. ಮೊದಲ ಬಸಿಯನ್ನು ಎದುರಿಗೆ ಕೂತವರ ಕಡೆ ತಳ್ಳುತ್ತಿದ್ದರು. ಎದುರಿಗಿದ್ದವರ ಕೈಯಲ್ಲಿ ಅವರದೇ ಕಪ್ಪು ಇದ್ದರೂ ಸರಿ, ಪ್ರಾಂಶುಪಾಲರೇ ಆಗಿದ್ದರೂ ಸರಿ. ಬೇಡವೆಂದರೆ ಬೇಜಾರು ಮಾಡಿಕೊಳ್ಳುತ್ತಿರಲಿಲ್ಲ, ಆದರೆ ಮರುದಿನ ಮತ್ತೆ ತಳ್ಳುತ್ತಿದ್ದರು. ಮದುವೆಯಾಗಿರಲಿಲ್ಲ. ಯಾಕೆಂದು ಯಾರಾದರೂ ಕೇಳಿದರೆ, "ಓದ್ಕೋತ ಕುಂತೆ, ತಲಿ ಎತ್ತಿ ನೋಡೂದ್ರಾಗ ವರಗೋಳೆಲ್ಲ ಮುಗದ್ಹೋಗಿದ್ರು" ಎಂದು ತಾವೇ ಮೊದಲು ನಗುತ್ತಿದ್ದರು.

ಒಮ್ಮೆ ಅವರ ತರಗತಿಯ ಮುಂದೆ ಹಾದುಹೋಗುತ್ತಿದ್ದೆ. ಮೇಜಿನ ಮೇಲೆ ಒಂದು ಚಪ್ಪಲಿ ಇತ್ತು. ಅಕ್ಕ ಒಂದು ಕಾಲಿಗೆ ಮಾತ್ರ ಚಪ್ಪಲಿ ಹಾಕಿಕೊಂಡು, ಸ್ವಲ್ಪ ವಾಲಿ ನಿಂತು ಪಾಠ ಹೇಳುತ್ತಿದ್ದರು. ಹುಡುಗರು ನಗು ತಡೆಯಲು ಪುಸ್ತಕದ ಹಿಂದೆ ಮುಖ ಮುಚ್ಚಿಕೊಂಡಿದ್ದರು. ಚಪ್ಪಲಿ ಅಜ್ಜ ಎಂಬ ಹೆಸರಿನ ಮೂಲ ಇದು. ಆ ಗ್ರೀಕ್ ಅಜ್ಜ ಹೇಳಿದ್ದನಂತೆ: ಚಪ್ಪಲಿಗೆ ಎರಡು ಉಪಯೋಗ, ಕಾಲಿಗೆ ಹಾಕಿಕೊಳ್ಳುವುದು ಒಂದು, ಕೊಟ್ಟು ಬೇರೇನಾದರೂ ತೆಗೆದುಕೊಳ್ಳುವುದು ಇನ್ನೊಂದು. ಹಾಗೆಯೇ ಮನೆ ನಡೆಸುವುದು ಒಂದು ವಿದ್ಯೆ, ಹಣದಿಂದ ಹಣ ಹುಟ್ಟಿಸುವುದು ಇನ್ನೊಂದು. ಮೊದಲನೆಯದಕ್ಕೆ ಹೊಟ್ಟೆ ತುಂಬಿದಾಗ ಸಾಕು ಅನಿಸುತ್ತದೆ. ಎರಡನೆಯದಕ್ಕೆ ಸಾಕು ಎಂಬುದೇ ಇಲ್ಲ.

"ನಿಮ್ಮ ಅರ್ಥಶಾಸ್ತ್ರ ಶುರುವಾಗೂದ ಇಲ್ಲಿಂದ, ಸುಮಾ," ಎಂದರು ಆಮೇಲೆ ನನಗೆ. "ನೀವು ಅದರ ಅಪ್ಪನ ಹೆಸರು ಹೇಳ್ತೀರಿ, ಅಜ್ಜನ್ನ ಮರ್ತೀರಿ. ಗಡ್ಡದ ಮಾವ ಮರೀಲಿಲ್ಲ. ಆ ಚಪ್ಪಲಿ ಹಿಡ್ಕೊಂಡ ಅಷ್ಟು ದೂರ ನಡದಾ."

ನಾನು ಎಂ.ಎ. ಓದುವಾಗ ಯಾರೂ ಈ ಮಾತು ಹೇಳಿರಲಿಲ್ಲ. ಅಥವಾ ಹೇಳಿದ್ದರೂ ಪರೀಕ್ಷೆಗೆ ಬರುವುದಿಲ್ಲವೆಂದು ನಾನು ಕೇಳಿಸಿಕೊಂಡಿರಲಿಲ್ಲ. ಅಕ್ಕ ಆ ಕಥೆಯನ್ನು ಮುಂದುವರಿಸುತ್ತಿದ್ದರು. ಚಪ್ಪಲಿ ಅಜ್ಜ ಇನ್ನೊಂದು ಪ್ರಶ್ನೆ ಎತ್ತಿದ್ದ. ಇಷ್ಟು ಮಂಚ ಕೊಟ್ಟರೆ ಒಂದು ಮನೆ ಬರುತ್ತದೆ ಅನ್ನುತ್ತೇವಲ್ಲ, ಮಂಚಕ್ಕೂ ಮನೆಗೂ ಸಮ ಹೇಗಾಯಿತು? ಎರಡರಲ್ಲೂ ಇರುವ ಒಂದೇ ವಸ್ತು ಯಾವುದು? ಅಷ್ಟು ಕೇಳಿ, ಖರೆ ಅಂದರೆ ಅಂಥದ್ದು ಏನೂ ಇಲ್ಲವೆಂದು ಕೈಬಿಟ್ಟ. ಗಡ್ಡದ ಮಾವ ಅದಕ್ಕೆ ಉತ್ತರ ಕಂಡುಕೊಂಡ: ಎರಡರಲ್ಲೂ ಮನುಷ್ಯರ ದುಡಿಮೆ ಇದೆ. ಅಜ್ಜನ ಊರು ನಡೆಯುತ್ತಿದ್ದದ್ದು ಗುಲಾಮರ ಮೇಲೆ. ಅಲ್ಲಿ ಎಲ್ಲರ ದುಡಿಮೆಯೂ ಸಮ ಎಂಬ ಮಾತು ಹುಟ್ಟುವ ಹಾಗೇ ಇರಲಿಲ್ಲ.

"ಅಜ್ಜಗ ಬುದ್ಧಿ ಕಡಿಮಿ ಇರಲಿಲ್ಲ," ಎನ್ನುತ್ತಿದ್ದರು ಅಕ್ಕ. "ಅಂಗಳಾ ಕಸಾ ಹೊಡಿಯೋ ಆಳಿನ ಮಾರಿ ಒಮ್ಮೆನೂ ನೋಡಿರಲಿಲ್ಲ, ಅಷ್ಟ."

ಗ್ರೀಕರು ಅವರಿಗೆ ಪರದೇಶದವರು ಅನ್ನಿಸಿರಲೇ ಇಲ್ಲ. ಅದಕ್ಕೊಂದು ಕಾರಣವಿತ್ತು. ಅವರು ಹುಟ್ಟಿದ್ದು ಸುರಪುರದ ಕಡೆ, ಬೆಳೆದದ್ದು ಕಲಬುರಗಿಯಲ್ಲಿ. ಅವರ ಓಣಿಯಲ್ಲಿ ಒಬ್ಬ ಹಕೀಮರ ಯುನಾನಿ ದವಾಖಾನೆ ಇತ್ತು. ಚಿಕ್ಕಂದಿನಲ್ಲಿ ಅಕ್ಕನಿಗೆ ಯಾವಾಗಲೂ ಕೆಮ್ಮು. ಹಕೀಮರು ಕೊಡುತ್ತಿದ್ದ ಜೇನಿನಂಥ ಔಷಧ ನೆಕ್ಕುತ್ತ, ಯುನಾನಿ ಅಂದರೆ ಏನು ಎಂದು ಕೇಳಿದರಂತೆ. ಗ್ರೀಸ್ ದೇಶದ್ದು ಎಂದರಂತೆ ಹಕೀಮರು. ಆಮೇಲೆ ಪ್ರತಿ ಗುಟುಕಿಗೆ ಒಂದೊಂದು ಕಥೆ. ಅಲ್ಲಿನ ಪಂಡಿತರು ಅರಬ್ಬರ ಭಾಷೆಗೆ ಹೇಗೆ ಬಂದರು, ಅಲ್ಲಿಂದ ಉರ್ದುವಿಗೆ, ಉರ್ದುವಿನಿಂದ ಈ ಓಣಿಗೆ. "ನನಗ ಗ್ರೀಕರು ಹಡಗು ಹತ್ತಿ ಬಂದವರಲ್ಲ, ಕೆಮ್ಮಿನ ಔಷಧದ ಜೋಡಿ ಬಂದವರು," ಎನ್ನುತ್ತಿದ್ದರು. ವಿಶ್ವವಿದ್ಯಾಲಯಕ್ಕೆ ಹೋಗಿ ಅವರನ್ನು ಇಂಗ್ಲಿಷಿನಲ್ಲಿ ಓದಿದಾಗ, ಬಂಧುಗಳು ಕೋಟು ಹಾಕಿಕೊಂಡು ಬಂದ ಹಾಗಾಯಿತಂತೆ.

ಎಲ್ಲರಿಗಿಂತ ಅಕ್ಕನಿಗೆ ಹತ್ತಿರದವನು ತೋಟದಜ್ಜ. ಊರಿನ ಗದ್ದಲದಿಂದ ದೂರ ಒಂದು ತೋಟ ಮಾಡಿಕೊಂಡು ಗೆಳೆಯರ ಜೊತೆ ಬದುಕಿದವನು. ಆ ತೋಟಕ್ಕೆ ಹೆಂಗಸರೂ ಬರಬಹುದಿತ್ತು, ಗುಲಾಮರೂ ಬರಬಹುದಿತ್ತು. ಬದುಕಿಗೆ ಬೇಕಾದ ದೊಡ್ಡ ಸುಖ ಗೆಳೆತನ, ಉಳಿದದ್ದಕ್ಕೆಲ್ಲ ಸ್ವಲ್ಪವೇ ಸಾಕು ಎಂದವನು. ಜಗತ್ತೆಲ್ಲ ಅಣುಗಳ ಮಳೆ, ಆದರೆ ಅಣುಗಳು ನೆಟ್ಟಗೇ ಬೀಳುವುದಿಲ್ಲ, ಒಂದಿಷ್ಟು ಓರೆಯಾಗುತ್ತವೆ ಎಂದು ಹೇಳಿದವನೂ ಅವನೇ. ಗಡ್ಡದ ಮಾವ ಇನ್ನೂ ಗಡ್ಡ ಬಲಿಯದ ವಯಸ್ಸಿನಲ್ಲಿ ಡಾಕ್ಟರೇಟಿಗೆ ಪ್ರಬಂಧ ಬರೆದದ್ದು ಆ ಓರೆಯ ಬಗ್ಗೆಯೇ. "ಓರೆ ಆಗಾಕ ಜಾಗಾ ಐತಿ ಅಂದ್ರ ಮನಷ್ಯಾಗ ಬಿಡುಗಡಿ ಐತಿ ಅಂತ ಅರ್ಥ," ಎಂದು ಹೇಳುವಾಗ ಅಕ್ಕನ ಧ್ವನಿ ಬೇರೆಯಾಗುತ್ತಿತ್ತು.

ಆದರೆ ಇದೇ ತೋಟದಜ್ಜನ ಒಂದು ಮಾತು ಅವರಿಗೆ ಸಹಿಸಲಾಗುತ್ತಿರಲಿಲ್ಲ. ಅವನಿಗಿಂತ ಹಿಂದಿನವರು, ಗೆಳೆಯರ ಸ್ವತ್ತೆಲ್ಲ ಒಂದೇ ಗಂಟಿನಲ್ಲಿರಬೇಕು ಎಂದು ಸಾರಿದ್ದರು. ತೋಟದಜ್ಜ ಬೇಡವೆಂದ. ಗಂಟು ಕಟ್ಟಿಟ್ಟರೆ ಒಬ್ಬರ ಮೇಲೊಬ್ಬರಿಗೆ ನಂಬಿಕೆಯಿಲ್ಲ ಎಂದ ಹಾಗಾಯಿತು, ನಂಬಿಕೆಯಿಲ್ಲದ ಮೇಲೆ ಎಲ್ಲಿಯ ಗೆಳೆತನ ಎಂದ.

"ಎಲ್ಲಾ ಛಲೋ ಹೇಳ್ದಾಂವ ಇಲ್ಲಿ ಎಡವಿದಾ ನೋಡು," ಎಂದು ಅಕ್ಕ ಸಿಡಿಮಿಡಿಗೊಳ್ಳುತ್ತಿದ್ದರು. "ನಂಬಿಕಿ ಇವತ್ತಿರ್ತೈತಿ, ನಾಳೆ ಇರಂಗಿಲ್ಲ. ಗಂಟ ಕಟ್ಟೇ ಇಡಬೇಕು."

ಈ ಜಗಳ ಬರೀ ಮಾತಿನದಾಗಿರಲಿಲ್ಲ. ನಾನು ಕಾಲೇಜಿಗೆ ಬರುವ ಮೊದಲೇ ಅಕ್ಕ ಇಬ್ಬರು ಗೆಳೆಯರ ಜೊತೆ ಸೇರಿ ಮಿಯಾಪುರದಲ್ಲಿ ಒಂದು ತುಂಡು ನೆಲ ಕೊಂಡಿದ್ದರು. ಒಬ್ಬರು ನಮ್ಮ ಕಾಲೇಜಿನಲ್ಲೇ ಉರ್ದು ಕಲಿಸುತ್ತಿದ್ದ ನಫೀಸಾ ಆಪಾ, ಬೇಗ ಗಂಡನನ್ನು ಕಳೆದುಕೊಂಡವರು. ಇನ್ನೊಬ್ಬರು ರಾಯಚೂರಿನ ಗುರುರಾಜ, ಪಟಾನ್‌ಚೆರುವಿನ ಔಷಧ ಕಾರ್ಖಾನೆಯೊಂದರಲ್ಲಿ ಕೆಲಸ ಮಾಡುತ್ತ ಅಲ್ಲಿಯ ಕಾರ್ಮಿಕ ಸಂಘ ನಡೆಸುತ್ತಿದ್ದವರು. ಆಗ ಮಿಯಾಪುರವೆಂದರೆ ಬಂಡೆಗಳು ಮತ್ತು ಸೀತಾಫಲದ ಪೊದೆಗಳು. ನಿವೃತ್ತಿಯಾದ ಮೇಲೆ ಅಲ್ಲೊಂದು ಮನೆ ಕಟ್ಟಿಕೊಂಡು ಎಲ್ಲರೂ ಕೂಡಿ ಇರುವುದು ಅವರ ಯೋಜನೆ. ಮಲಗಲು ಬೇರೆ ಬೇರೆ ಕೋಣೆ, ಅಡುಗೆಮನೆ ಒಂದೇ, ನಡುವೆ ಪುಸ್ತಕಗಳ ಪಡಸಾಲೆ. ಗುರುರಾಜನ ಹೆಂಡತಿ ಸರೋಜಾ, "ಅಡಿಗಿ ನನ್ನ ತಲಿಗೆ ಕಟ್ಟಬ್ಯಾಡ್ರಿ ಮತ್ತ" ಎಂದು ಮೊದಲೇ ಮಾತು ತೆಗೆದುಕೊಂಡಿದ್ದಳು. ಮೂವರೂ ಒಪ್ಪದೆ ಆ ನೆಲ ಮಾರುವಂತಿಲ್ಲ ಎಂಬ ಕರಾರು ಬರೆಸಿದ್ದವರು ಅಕ್ಕ. ತೋಟದಜ್ಜನಿಗೆ ಅವರು ಕೊಟ್ಟ ಉತ್ತರ ಅದು.

ಭಾನುವಾರಗಳಂದು ಅವರ ಜೊತೆ ನಾನೂ ಅಲ್ಲಿಗೆ ಹೋಗುತ್ತಿದ್ದೆ. ನಾವು ಬಸ್ಸು ಹಿಡಿದು, ಇಳಿದು, ಕಲ್ಲುದಾರಿಯಲ್ಲಿ ನಡೆದು ಹೋಗುತ್ತಿದ್ದೆವು. ಅಲ್ಲಿ ಸಿಮೆಂಟ್ ಶೀಟಿನ ಒಂದು ಶೆಡ್ಡು ಬಿಟ್ಟರೆ ಬೇರೇನೂ ಇರಲಿಲ್ಲ. ಅಕ್ಕನ ಗಂಟಿನಲ್ಲಿ ರೊಟ್ಟಿ, ಶೇಂಗಾ ಚಟ್ನಿ. ಆಪಾ ತರುತ್ತಿದ್ದ ಬದನೆಕಾಯಿಯ ಬಗಾರಾ ಬೈಂಗನ್‌ನ ಎಣ್ಣೆ ಡಬ್ಬಿಯಿಂದ ಸೋರಿ ಅವರ ಬುರ್ಖಾದ ಅಂಚಿಗೆ ಹತ್ತುತ್ತಿತ್ತು. ಗುರುರಾಜ ವಾದಕ್ಕೆ ನಿಂತರೆ ಉಂಡ ಕೈ ತೊಳೆಯುವುದನ್ನೂ ಮರೆಯುತ್ತಿದ್ದರು.

"ತೋಟದಾಗ ಕುಂತ್ರ ಕ್ರಾಂತಿ ಆಗ್ತೈತೇನ್ರಿ ಅಕ್ಕಾ?" ಎಂದು ಕೆಣಕುತ್ತಿದ್ದರು.

"ಆಗಂಗಿಲ್ಲಪ್ಪ. ಆದ್ರ ಕ್ರಾಂತಿ ಆದ ಮ್ಯಾಲ ಏನ್ ಮಾಡ್ತೀರಿ ನೀವು? ಎಲ್ಲಿ ಕುಂದರ್ತೀರಿ? ಯಾರ ಜೋಡಿ ಉಣ್ತೀರಿ? ಅದನ್ನ ಈಗ ರೂಢಿ ಮಾಡ್ಕೊಂಡಿರೂದು ಛಲೋ ಅಲ್ಲ?"

"ಸುನೋಜೀ, ಪೆಹಲೇ ಖಾನಾ ಖಾಲೋ, ಫಿರ್ ಇನ್ಕಿಲಾಬ್ ಕರೋ," ಕ್ರಾಂತಿಗಿಂತ ಊಟ ಮೊದಲು ಎಂದು ಆಪಾ ಬಡಿಸುತ್ತಿದ್ದರು.

ಅಷ್ಟರಲ್ಲಿ ಊರು ಬದಲಾಗತೊಡಗಿತ್ತು. ಗೋಡೆ ಗೋಡೆಗೂ ಕಂಪ್ಯೂಟರ್ ಕೋರ್ಸುಗಳ ಜಾಹೀರಾತು ಬಂತು. ಅಮೀರ್‌ಪೇಟೆಯಲ್ಲಿ ಕಾಲಿಡಲು ಜಾಗವಿಲ್ಲದಷ್ಟು ಹುಡುಗ ಹುಡುಗಿಯರು. ಮಾಧಾಪುರದ ಬಂಡೆಗಳನ್ನು ಸಿಡಿಸಿ ಗಾಜಿನ ಕಟ್ಟಡಗಳನ್ನು ಎಬ್ಬಿಸಿದರು. ನನ್ನ ಅರ್ಥಶಾಸ್ತ್ರಕ್ಕೆ ಹೇಗೋ ವಿದ್ಯಾರ್ಥಿಗಳು ಸಿಗುತ್ತಿದ್ದರು. ತತ್ವಶಾಸ್ತ್ರಕ್ಕೆ ಒಂದು ವರ್ಷ ಯಾರೂ ಸೇರಲಿಲ್ಲ. ವಿಭಾಗ ಮುಚ್ಚಿದರು. ಪ್ರಾಂಶುಪಾಲರು ಅಕ್ಕನನ್ನು ಕರೆದು, ಕಂಪ್ಯೂಟರ್ ವಿದ್ಯಾರ್ಥಿಗಳಿಗೆ ವ್ಯಕ್ತಿತ್ವ ವಿಕಸನದ ತರಗತಿ ತೆಗೆದುಕೊಳ್ಳಿ ಎಂದರು. ಸಂದರ್ಶನದಲ್ಲಿ ಹೇಗೆ ಕೂರಬೇಕು, ಹೇಗೆ ಕೈ ಕುಲುಕಬೇಕು ಎಂದು ಕಲಿಸುವುದು. ಅಕ್ಕ ರಾಜೀನಾಮೆ ಬಿಸಾಕುತ್ತಾರೆ ಎಂದುಕೊಂಡಿದ್ದೆ. ಅವರು ಒಪ್ಪಿಕೊಂಡು ಬಂದರು.

"ಹುಡುಗರು ಬರ್ತಾವಲ್ಲ. ಸಾಕು," ಎಂದರು. ಆ ಸಂಜೆ ಅವರು ತಮ್ಮ ಪಾಲಿನ ಚಹಾ ಕುಡಿಯದೆ ಹೋದರು.

ಅವರಲ್ಲಿ ಕಲಿತ ಶ್ರೀಕಾಂತ್ ಎಂಬ ಹುಡುಗನಿಗೆ ದೊಡ್ಡ ಕಂಪನಿಯಲ್ಲಿ ಕೆಲಸ ಸಿಕ್ಕಿತು. ಕೆಲವು ತಿಂಗಳಾದ ಮೇಲೆ ಸಿಹಿ ಹಿಡಿದುಕೊಂಡು ಕಾಲೇಜಿಗೆ ಬಂದ. ಕಣ್ಣು ಕೆಂಪಗಾಗಿ ಒಳಗೆ ಹೋಗಿದ್ದವು. ಅಮೆರಿಕದ ಹಗಲಿಗೆ ಸರಿಯಾಗಿ ಕೆಲಸ ಮಾಡಬೇಕು ಮೇಡಂ, ಹಾಗಾಗಿ ನಿದ್ದೆ ಕಡಿಮೆ ಎಂದ. ಅಕ್ಕ ಅವನನ್ನು ಕೂರಿಸಿ, ಬಸಿ ಅವನ ಕಡೆ ತಳ್ಳಿ, ಹಿಂದಿಯಲ್ಲಿ ಚಪ್ಪಲಿ ಅಜ್ಜನ ಇನ್ನೊಂದು ಮಾತು ಹೇಳಿದರು. ಮಗ್ಗದ ಲಾಳಿ ತಾನಾಗಿಯೇ ಓಡುವಂತಾದರೆ ಯಜಮಾನನಿಗೆ ಆಳುಗಳೇ ಬೇಡ ಎಂದು ಅಜ್ಜ ಅಂದಿದ್ದ. ಅವನ ಕಾಲಕ್ಕೆ ಅದು ಆಗದ ಮಾತು. ಗಡ್ಡದ ಮಾವನ ಕಾಲಕ್ಕೆ ಲಾಳಿ ತಾನಾಗಿ ಓಡಿತು. ಆದರೆ ನೇಯುವವನ ದಿನ ಮತ್ತಷ್ಟು ಉದ್ದವಾಯಿತು.

"ಈಗ ನೀನು ಮಾಡುವ ಯಂತ್ರ ಯೋಚನೆಯನ್ನೂ ತಾನೇ ಮಾಡುತ್ತದಂತೆ," ಎಂದರು ಅಕ್ಕ. "ಹಾಗಿದ್ದ ಮೇಲೆ ನೀನು ಯಾಕಪ್ಪ ಮಲಗಿಲ್ಲ?"

ಹುಡುಗ ನಕ್ಕ. ಹೋಗುವಾಗ ಅವರ ಕಾಲು ಮುಟ್ಟಿದ. ಅವನಿಗೆ ಅರ್ಥವಾಯಿತೋ ಇಲ್ಲವೋ ನನಗೆ ತಿಳಿಯದು, ಆದರೆ ಅವನು ನಡೆದುಹೋಗುವುದನ್ನು ಅಕ್ಕ ಕಿಟಕಿಯಿಂದ ಬಹಳ ಹೊತ್ತು ನೋಡುತ್ತ ನಿಂತಿದ್ದರು.

ಊರು ಬೆಳೆಯುತ್ತ ಬೆಳೆಯುತ್ತ ಮಿಯಾಪುರವನ್ನು ಮುಟ್ಟಿತು. ಒಂದು ಭಾನುವಾರ ನಾವು ಉಣ್ಣಲು ಕೂತಿದ್ದಾಗ ಶೆಡ್ಡಿನ ಮುಂದೆ ಕಾರು ಬಂದು ನಿಂತಿತು. ಅಪಾರ್ಟ್‌ಮೆಂಟು ಕಟ್ಟುವ ಬಿಲ್ಡರ್ ಕಡೆಯ ಮನುಷ್ಯ. ಅಕ್ಕಪಕ್ಕದ ನೆಲವೆಲ್ಲ ಕೊಂಡಾಗಿದೆ, ನಿಮ್ಮದೊಂದೇ ಉಳಿದಿದೆ ಎಂದ. ಅಕ್ಕ ರೊಟ್ಟಿಯ ಕೈ ಎತ್ತಿ ಮಾತು ನಿಲ್ಲಿಸಿದರು.

"ಮೂವರೂ ಹೂಂ ಅನ್ನದೆ ಇದು ಮಾರಾಟಕ್ಕಿಲ್ಲ. ನಾನು ಎಂದೂ ಹೂಂ ಅನ್ನುವುದಿಲ್ಲ. ಇನ್ನೊಮ್ಮೆ ಪೆಟ್ರೋಲು ಸುಡಬೇಡ," ಎಂದು ತೆಲುಗಿನಲ್ಲಿ ಹೇಳಿ ಕಳಿಸಿದರು. ಅವನು ಹೋದ ಮೇಲೆ ಆಪಾ ಚಪ್ಪಾಳೆ ತಟ್ಟಿದರು. ಗುರುರಾಜ ತಟ್ಟೆ ನೋಡಿಕೊಂಡು ಕೂತಿದ್ದರು.

ಮುಂದಿನ ಭಾನುವಾರ ಗುರುರಾಜ ಬರಲಿಲ್ಲ. ಅದರ ಮುಂದಿನ ಭಾನುವಾರವೂ ಬರಲಿಲ್ಲ. ಫೋನು ಮಾಡಿದರೆ ಸಂಘದ ಕೆಲಸ ಎನ್ನುತ್ತಿದ್ದರು. ಅವರ ಕಾರ್ಖಾನೆ ಬಾಗಿಲು ಹಾಕಿದ್ದು ನಮಗೆ ಗೊತ್ತಿತ್ತು. ಹಾಗಿದ್ದ ಮೇಲೆ ಸಂಘದ ಕೆಲಸ ಎಲ್ಲಿಯದು? "ನಡಿ, ನೋಡ್ಕೊಂಡು ಬರೋಣು," ಎಂದು ಅಕ್ಕ ನನ್ನನ್ನು ಪಟಾನ್‌ಚೆರು ಬಸ್ಸಿಗೆ ಹತ್ತಿಸಿದರು.

ಬಾಗಿಲು ತೆರೆದವಳು ಸರೋಜಾ. ಮುಖ ಊದಿತ್ತು. ಪಾದಗಳು ಊದಿ ಚಪ್ಪಲಿಯಲ್ಲಿ ಹಿಡಿಯದೆ ಬರಿಗಾಲಲ್ಲಿದ್ದಳು. ನಮ್ಮನ್ನು ನೋಡಿ ಹಿಗ್ಗಿ, ಗೋಡೆ ಹಿಡಿದು ಒಳಗೆ ಬಂದು ಕೂತಳು. ಎರಡೂ ಕಿಡ್ನಿ ಹೋಗ್ಯಾವಂತ್ರಿ ಅಕ್ಕಾ ಎಂದು ಸಾಮಾನ್ಯ ಸುದ್ದಿ ಹೇಳುವ ಹಾಗೆ ಹೇಳಿದಳು. ವಾರ ವಾರ ಆಸ್ಪತ್ರೆಗೆ ಹೋಗಿ ರಕ್ತ ಶುದ್ಧ ಮಾಡಿಸಿಕೊಂಡು ಬರಬೇಕು. ಕಾರ್ಖಾನೆ ಇದ್ದಾಗ ಖರ್ಚು ಅವರೇ ನೋಡುತ್ತಿದ್ದರು. ತಂಗಿ ತನ್ನ ಕಿಡ್ನಿ ಕೊಡುತ್ತೇನೆ ಅಂದಿದ್ದಾಳೆ, ಆದರೆ ಆ ಆಪರೇಷನ್ ನಮ್ಮಂಥವರಿಗಲ್ಲ. "ಇವರು ನಿಮಗ ಹೇಳಿಲ್ಲೇನ್ರಿ?" ಎಂದು ಅವಳೇ ಬೆರಗಾದಳು.

ಗುರುರಾಜ ಔಷಧಿ ಚೀಲ ಹಿಡಿದು ಹೊರಗಿನಿಂದ ಬಂದರು. ನಮ್ಮನ್ನು ಕಂಡು ಹೊಸಿಲ ಮೇಲೇ ನಿಂತುಬಿಟ್ಟರು.

"ಯಾಕ ಹೇಳ್ಲಿಲ್ಲ?" ಎಂದರು ಅಕ್ಕ.

ಗುರುರಾಜ ಚೀಲವನ್ನು ಮೂಲೆಗಿಟ್ಟರು. ಸರೋಜಾ ಚಹಾ ಇಡಲು ಒಳಗೆ ಹೋದ ಮೇಲೆ ತಗ್ಗಿದ ಧ್ವನಿಯಲ್ಲಿ ಹೇಳಿದರು: "ಏನಂತ ಹೇಳ್ಲಿ ಅಕ್ಕಾ? ನಾ ಬಾಯಿ ಬಿಟ್ರ ನೀವು ಮಾರ್ತೀರಿ, ಅದು ಗೊತ್ತೈತಿ ನನಗ. ಒಮ್ಮೆ ಹೇಳಿಬಿಟ್ರ ನಿಮಗ ಇಲ್ಲ ಅನ್ನಾಕ ಬರಂಗಿಲ್ಲ. ಆಪಾಗೂ ಬರಂಗಿಲ್ಲ. ನಿಮ್ಮಿಬ್ಬರ ಜೀವಮಾನದ ಆಸೆ ನಾ ಒಬ್ಬಾಂವ ಮುರದಂಗಾಗ್ತೈತಿ. ಮೂರೂ ಮಂದಿ ಅಂತ ಬರದೈತಲ್ಲ ಕಾಗದದಾಗ. ಅದನ್ನ ಮುರಿಯೋ ಮೂರನೇದಾಂವ ನಾ ಹೆಂಗಾಗ್ಲಿ?"

ಅಕ್ಕ ಅವರನ್ನೇ ನೋಡುತ್ತಿದ್ದರು. ಸರೋಜಾ ಚಹಾ ತಂದಳು. ಅಕ್ಕ ಬಸಿಗೆ ಸುರಿದು ಗುರುರಾಜನ ಕಡೆ ತಳ್ಳಿದರು.

"ಕುಡಿ," ಎಂದರು. "ನಾಳೆ ಆ ಬಿಲ್ಡರ್‌ನ ಮನಷ್ಯಾಗ ಬಾ ಅಂತ ಹೇಳು."

"ಅಕ್ಕಾ..."

"ಕುಡಿ ಅಂದ್ನೆಲ್ಲ. ಆ ಕರಾರು ಬರೆಸಿದಾಕಿ ನಾನ. ನೀವೆಲ್ಲ ನನ್ನ ಬಿಟ್ಟು ಹೋದೀರಿ ಅಂತ ಹೆದರಿ ಬರೆಸಿದ್ದೆ. ಅದು ನಿನ್ನ ಬಾಯಿ ಕಟ್ಟತೈತಿ ಅಂತ ನನಗ ಹೊಳೀಲೇ ಇಲ್ಲ."

ಹಿಂದಿರುಗುವ ಬಸ್ಸಿನಲ್ಲಿ ಕೆಲಸ ಮುಗಿಸಿದ ಕಾರ್ಮಿಕರು ತುಂಬಿದ್ದರು. ಕಿಟಕಿಯ ಸರಳು ಹಿಡಿದು ಕೂತಿದ್ದ ಅಕ್ಕ ಹೊರಗೆ ನೋಡುತ್ತಲೇ ಹೇಳಿದರು: "ತೋಟದಜ್ಜ ಇದನ್ನ ಹೇಳಿದ್ದಾ ಸುಮಾ. ಗಂಟು ಕಟ್ಟಿದ್ರ ನಂಬಿಕಿ ಇಲ್ಲ ಅಂತ. ನಾ ಅದನ್ನ ಓದಿದ್ದೆ, ಪಾಠಾ ಹೇಳಿದ್ದೆ, ಬೈದಿದ್ದೆ. ಇವತ್ತ ಕೇಳಿಸ್ತು."

ಆಮೇಲೆ ಆದದ್ದೆಲ್ಲ ಬೇಗ ಬೇಗ ಆಯಿತು. ಆಪಾ ಒಂದು ಮಾತೂ ಎದುರಾಡದೆ ಸಹಿ ಹಾಕಿದರು. ಪಾಲು ಮಾಡುವ ಪ್ರಶ್ನೆ ಬಂದಾಗ ಅಕ್ಕ ಮತ್ತು ಆಪಾ ಒಂದೇ ಉಸಿರಿಗೆ, ಮೊದಲು ಸರೋಜಾಳ ಆಪರೇಷನ್, ಉಳಿದದ್ದು ಆಮೇಲೆ ನೋಡೋಣ ಎಂದರು. ಗುರುರಾಜ ಮುಖ ಮುಚ್ಚಿಕೊಂಡು ಅತ್ತರು. ಕಾಗದ ಇದ್ದಾಗ ನೆಲವೊಂದೇ ಎಲ್ಲರದಾಗಿತ್ತು, ಕಾಗದ ಹೋದ ಮೇಲೆ ಎಲ್ಲವೂ ಎಲ್ಲರದಾಯಿತು ಎಂದು ಆಪಾ ನನಗೆ ಉರ್ದುವಿನಲ್ಲಿ ಹೇಳಿದರು. ಸರೋಜಾ ಬದುಕಿದಳು. ಈಗಲೂ ಇದ್ದಾಳೆ, ಮೊಮ್ಮಕ್ಕಳನ್ನು ಗದರಿಸುತ್ತ.

ಆದರೆ ಮನೆ ಹೋಯಿತು. ಆಪಾ ತಮ್ಮನ ಮನೆ ಸೇರಿಕೊಂಡರು. ಗುರುರಾಜ ಮಗಳಿದ್ದ ವಾರಂಗಲ್ಲಿಗೆ ಹೋದರು. ಅಕ್ಕ ನಿವೃತ್ತಿಯಾಗಿ ಹಿಮಾಯತ್‌ನಗರದ ತಮ್ಮ ಹಳೆಯ ಬಾಡಿಗೆ ಕೋಣೆಗಳಲ್ಲೇ ಉಳಿದರು. ಭಾನುವಾರ ಅವರ ಮನೆಗೆ ಹೋದರೆ ಒಮ್ಮೊಮ್ಮೆ ಬೀಗ ಹಾಕಿರುತ್ತಿತ್ತು. ಎಲ್ಲಿಗೆ ಹೋಗಿದ್ದಿರಿ ಎಂದರೆ ಮಾತು ಹಾರಿಸುತ್ತಿದ್ದರು. ಕೊನೆಗೆ ಒಂದು ದಿನ, "ಬಾ, ತೋರಸ್ತೀನಿ," ಎಂದು ರೊಟ್ಟಿಯ ಗಂಟು ನನ್ನ ಕೈಗೆ ಕೊಟ್ಟು ಕರೆದುಕೊಂಡು ಹೋದರು.

ಮಿಯಾಪುರಕ್ಕೆ. ನಮ್ಮ ಶೆಡ್ಡು ಇದ್ದಲ್ಲಿ ದೊಡ್ಡ ಹೊಂಡ, ಹೊಂಡದಿಂದ ಮೇಲೆದ್ದ ಕಂಬಗಳು. ಅಂಚಿನಲ್ಲಿ ಸಾಲಾಗಿ ತಗಡಿನ ಗುಡಿಸಲು. ಕಟ್ಟಡದ ಕೆಲಸಕ್ಕೆ ಬಂದವರು ಯಾದಗಿರಿ, ಸುರಪುರದ ಕಡೆಯವರು. ಅಕ್ಕನನ್ನು ಕಂಡದ್ದೇ ಹೆಂಗಸರು, "ಅಕ್ಕಾರ ಬಂದ್ರು, ಅಕ್ಕಾರ ಬಂದ್ರು" ಎಂದು ಗೋಣಿಚೀಲ ಹಾಸಿದರು. ಹಣಮವ್ವ ಎಂಬ ನಡುವಯಸ್ಸಿನ ಹೆಂಗಸು ಹಸಿಮೆಣಸಿನಕಾಯಿ ಚಟ್ನಿ ತಂದಿಟ್ಟಳು. ಎಲ್ಲರೂ ಸುತ್ತ ಕೂತು ಉಂಡೆವು. ಅವತ್ತು ಅಜ್ಜಂದಿರ ಮಾತು ಬರಲಿಲ್ಲ. ಊರಿನ ಕೆರೆ, ಗುತ್ತಿಗೆದಾರನ ಸಿಟ್ಟು, ಹಣಮವ್ವನ ಮಗಳ ಬಾಣಂತನ, ಅಷ್ಟೇ ಮಾತು. ಅಕ್ಕನ ಕನ್ನಡ ಅಲ್ಲಿ ಇನ್ನಷ್ಟು ಸಡಿಲವಾಗಿತ್ತು. ಅವರು ಬಾಯಿ ತುಂಬ ನಕ್ಕದ್ದನ್ನು ನಾನು ಎಷ್ಟೋ ಕಾಲದ ಮೇಲೆ ನೋಡಿದೆ.

ನಡುವೆ ಹಣಮವ್ವ ಕೇಳಿದಳು: "ಅಕ್ಕಾರ, ನೀವು ಇಲ್ಲಿಗೆ ಹಿಂದಕ್ಕೂ ಬರ್ತಿದ್ರಂತಲ್ಲ. ಮದ್ಲ ಇಲ್ಲೇನಿತ್ರಿ?"

ಅಕ್ಕ ರೊಟ್ಟಿ ಮುರಿಯುತ್ತಿದ್ದರು.

"ಸೀತಾಫಲದ ಗಿಡ ಇದ್ವು," ಎಂದರು. "ಭಾಳ ಸಿಹಿ ಇರ್ತಿದ್ವು."

ಕಟ್ಟಡ ಏರಿದ ಹಾಗೆ ಅಕ್ಕನ ಭಾನುವಾರಗಳೂ ನಡೆದವು. ಬಣ್ಣ ಬಳಿಯುವವರು ಬಂದ ಮೇಲೆ ತಗಡಿನ ಗುಡಿಸಲುಗಳು ಬೇರೊಂದು ಹೊಂಡದ ಕಡೆ ಹೋದವು. ಅದು ಊರಿನ ಇನ್ನೊಂದು ತುದಿ. ಅಕ್ಕನಿಗೆ ಮಂಡಿ ನೋವು ಶುರುವಾಗಿ, ಅಷ್ಟು ದೂರದ ಬಸ್ಸು ಹತ್ತುವುದು ಆಗಲಿಲ್ಲ. ಅದಾದ ಸ್ವಲ್ಪ ಸಮಯಕ್ಕೆ ಅಕ್ಕನ ತಂಗಿ ಬಂದು ಅವರನ್ನು ಕಲಬುರಗಿಗೆ ಕರೆದುಕೊಂಡು ಹೋದಳು.

ನಾನು ವರ್ಷಕ್ಕೊಮ್ಮೆಯಾದರೂ ಹೋಗಿ ನೋಡಿಬರುತ್ತಿದ್ದೆ. ಕೊನೆಯ ಸಲ ಹೋದಾಗ ಅವರು ಹಾಸಿಗೆ ಹಿಡಿದಿದ್ದರು. ತಲೆ ಮಾತ್ರ ನಿಚ್ಚಳವಾಗಿತ್ತು. "ಏನರ ಜಗಳಾ ತಗೀ ಸುಮಾ, ಇಲ್ಲಿ ಎಲ್ಲಾರೂ ಹೂಂ ಹೂಂ ಅಂತಾರ," ಎಂದು ಗೋಳಾಡಿದರು. ನನಗೆ ಜಗಳ ತೆಗೆಯಲು ಬಾಯಿ ಬರಲಿಲ್ಲ. ಬದಲಿಗೆ, ಬಹಳ ವರ್ಷಗಳಿಂದ ಕೇಳಬೇಕೆಂದು ಕೇಳದೆ ಉಳಿಸಿಕೊಂಡದ್ದನ್ನು ಕೇಳಿಬಿಟ್ಟೆ.

"ಅಕ್ಕಾ, ಆ ನೆಲಾ ಹೋದದ್ದಕ್ಕ ನಿಮಗ ಬ್ಯಾಸರ ಇಲ್ಲೇನ್ರಿ?"

ಇಲ್ಲ ಎನ್ನುತ್ತಾರೆಂದು ತಿಳಿದಿದ್ದೆ. ಯಾವುದಾದರೊಬ್ಬ ಅಜ್ಜನ ಮಾತು ಹೇಳುತ್ತಾರೆಂದು ಕಾಯುತ್ತಿದ್ದೆ.

"ಐತಿ," ಎಂದರು. "ಭಾಳ ಐತಿ. ಮಾಡಿದ್ದು ಸರಿ. ಇನ್ನೊಮ್ಮೆ ಬಂದ್ರೂ ಅದನ್ನ ಮಾಡ್ತೀನಿ. ಆದ್ರ ನನಗ ಆ ಮನಿ ಬೇಕಾಗಿತ್ತು ಸುಮಾ. ನೀವೆಲ್ಲಾರೂ ಒಂದ ಕಡೆ ಬೇಕಾಗಿದ್ರಿ."

ನಾನು ಅವರ ಕೈ ಹಿಡಿದುಕೊಂಡೆ. ಹೊರಗೆ ಓಣಿಯಲ್ಲಿ ಯಾರೋ ಸೈಕಲ್ಲಿನ ಗಂಟೆ ಬಾರಿಸಿಕೊಂಡು ಹೋದರು. ಅಕ್ಕ ಕೇಳಿದರು: "ಅಲ್ಲಿ ಸಂಜಿಮುಂದ ಪಡುವಣ ಗಾಳಿ ಬೀಸ್ತಿತ್ತು ನೋಡು, ಬಂಡೆಗಲ್ಲಿನ ಮ್ಯಾಲ ಹತ್ತಿ ನಿಂತ್ರ ಸೀರಿ ಸೆರಗು ನಿಲ್ತಿರಲಿಲ್ಲ. ಇಷ್ಟೆಲ್ಲ ಕಟ್ಟಡ ಎದ್ದ ಮ್ಯಾಲೂ ಬರ್ತೈತೇನ ಅದು?"

ನನಗೆ ಗೊತ್ತಿರಲಿಲ್ಲ. ಆ ಕಡೆ ಹೋಗಿ ಎಷ್ಟೋ ಕಾಲವಾಗಿತ್ತು. "ನೋಡಿ ಬಂದು ಫೋನ್ ಮಾಡ್ತೀನ್ರಿ," ಎಂದೆ.

ಹೈದರಾಬಾದಿಗೆ ಮರಳಿ, ಬಿಡುವು ಸಿಕ್ಕ ಮೊದಲ ಸಂಜೆ ಮಿಯಾಪುರದ ಮೆಟ್ರೋ ಹತ್ತಿದೆ. ಅದು ಕೊನೆಯ ನಿಲ್ದಾಣ. ಎಲ್ಲರೂ ಇಳಿದು ಮೆಟ್ಟಿಲ ಕಡೆ ಓಡಿದರು. ನಾನು ಎತ್ತರದ ಪ್ಲಾಟ್‌ಫಾರ್ಮಿನ ತುದಿಯವರೆಗೆ ನಡೆದುಹೋಗಿ ನಿಂತೆ. ಕಣ್ಣು ಹಾಯುವಷ್ಟು ದೂರ ಅಪಾರ್ಟ್‌ಮೆಂಟುಗಳು. ನಮ್ಮ ಜಾಗ ಯಾವುದೆಂದು ಗುರುತು ಹಿಡಿಯಲು ಆಗಲಿಲ್ಲ. ಗಾಳಿ ಮಾತ್ರ ಪಡುವಣದಿಂದ ಜೋರಾಗಿ ಬೀಸುತ್ತಿತ್ತು. ಸೆರಗನ್ನು ಎರಡೂ ಕೈಯಲ್ಲಿ ಹಿಡಿದುಕೊಳ್ಳಬೇಕಾಯಿತು.

ಅಲ್ಲೇ ನಿಂತು ಕಲಬುರಗಿಗೆ ಫೋನು ಮಾಡಿದೆ. ತಂಗಿ ಎತ್ತಿ, ಅಕ್ಕನ ಕಿವಿಗೆ ಹಿಡಿದಳು. ನಾನು ಮಾತಾಡಬೇಕೆಂದು ಬಾಯಿ ತೆರೆದೆ, ಗಾಳಿಯ ಸದ್ದಿಗೆ ನನಗೇ ನನ್ನ ಮಾತು ಕೇಳಿಸಲಿಲ್ಲ.

"ಸಾಕು, ಏನೂ ಹೇಳಬ್ಯಾಡ," ಎಂದರು ಅಕ್ಕ ಆ ಕಡೆಯಿಂದ. "ಹಂಗ ಹಿಡ್ಕೊಂಡು ನಿಂದ್ರು. ಕೇಳಾಕತ್ತೈತಿ."